ಹೊಗೆಗೊಂದು ಹೊತ್ತು, ಬೇಯುವುದಕ್ಕೊಂದು ಹೊತ್ತು

ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ಸಲದ ಪ್ರಶ್ನೆಗಳೆಲ್ಲ ಒಂದೇ ಪಾತ್ರೆಯ ಸುತ್ತ ಬಂದಿವೆ: ಹೊಗೆಯಾಡಿಸಿ ನಿಧಾನವಾಗಿ ಬೇಯಿಸುವ ಚಿಲಿ. ಚಿಲಿ ಎಂದರೆ ಇಲ್ಲಿ ಬರೀ ಮೆಣಸಿನಕಾಯಿ ಅಲ್ಲ. ರುಬ್ಬಿದ ಒಣಮೆಣಸಿನಕಾಯಿಯ ಗೊಜ್ಜಿನಲ್ಲಿ ಮಾಂಸವನ್ನು ಗಂಟೆಗಟ್ಟಲೆ ಬೇಯಿಸುವ, ಅಮೆರಿಕದ ಟೆಕ್ಸಸ್ ರಾಜ್ಯದ ಅಡುಗೆ ಅದು. 1977ರಲ್ಲಿ ಆ ರಾಜ್ಯ ಅದನ್ನು ತನ್ನ ಅಧಿಕೃತ ಖಾದ್ಯವೆಂದು ಘೋಷಿಸಿತು. ಬಂದ ಪತ್ರಗಳಲ್ಲಿ ಕೆಟ್ಟುಹೋದ ಅಡುಗೆಯ ವಿವರ ಓದುತ್ತ ಹೋದರೆ ಹೆಚ್ಚಿನವಕ್ಕೆ ಕಾರಣ ಒಂದೇ ಎಂದು ಕಾಣುತ್ತದೆ. ಹೊಗೆ ಕೊಡುವುದನ್ನೂ ಬೇಯಿಸುವುದನ್ನೂ ಒಂದೇ ಕೆಲಸವೆಂದು ತಿಳಿದು, ಒಲೆ ಉರಿಯುವಷ್ಟು ಹೊತ್ತೂ ಹೊಗೆ ಹಾಕಿದ್ದಾರೆ. ಅವು ಎರಡು ಬೇರೆ ಕೆಲಸಗಳು.

ಪ್ರಶ್ನೆ: ಇದುವರೆಗೆ ಒಲೆಯ ಮೇಲಷ್ಟೇ ಚಿಲಿ ಮಾಡಿದ್ದೇನೆ. ಈಗ ಸ್ಮೋಕರ್, ಅಂದರೆ ಕಟ್ಟಿಗೆಯ ಹೊಗೆಯಲ್ಲಿ ಬೇಯಿಸುವ ಮುಚ್ಚಳದ ಒಲೆ, ತಂದಿದ್ದೇನೆ. ಆರರಿಂದ ಎಂಟು ಜನಕ್ಕೆ ಆಗುವಂತೆ, ಮೊದಲಿನಿಂದ ಕೊನೆಯವರೆಗೆ ಅಳತೆ ಸಮೇತ ಹೇಳುವಿರಾ?

ಒಂದೂವರೆ ಕಿಲೋ ದನದ ಮಾಂಸ ಬೇಕು, ಭುಜದ ಭಾಗದ್ದು. ಕೊಬ್ಬು, ನಾರು ಎರಡೂ ಇರುವ ತುಂಡೇ ಆಗಬೇಕು. ಬೆನ್ನಿನ ಮೆತ್ತನೆಯ ಮಾಂಸ ದುಬಾರಿಯೂ ಹೌದು, ಈ ಅಡುಗೆಗೆ ಒಗ್ಗದ್ದೂ ಹೌದು. ಅದರಲ್ಲಿ ನಾರು ಕಡಿಮೆ, ಮೂರು ಗಂಟೆ ಬೇಯುವಷ್ಟರಲ್ಲಿ ಒಣಗಿ ಪುಡಿಪುಡಿಯಾಗುತ್ತದೆ. ಭುಜದ ಮಾಂಸದ ನಾರು ನಿಧಾನವಾಗಿ ಕರಗಿ ಅಂಟಾಗಿ ಗೊಜ್ಜಿಗೆ ಸೇರುತ್ತದೆ. ಚಿಲಿ ತುಟಿಗೆ ಅಂಟುವುದು ಇದರಿಂದಲೇ. ದನದ ಮಾಂಸ ತಿನ್ನದವರು ಹಂದಿಯ ಭುಜ ಅಥವಾ ಬಲಿತ ಕುರಿಯ ತೊಡೆ, ಭುಜ ತೆಗೆದುಕೊಳ್ಳಬಹುದು. ಹದ ನೋಡುವ ರೀತಿ ಬದಲಾಗುವುದಿಲ್ಲ.

ಮಾಂಸವನ್ನು ಅರ್ಧ ಅರ್ಧ ಕಿಲೋದ ಮೂರು ತುಂಡು ಮಾಡಿ. ಇಡೀ ತುಂಡೇ ಇಟ್ಟರೆ ಹೊಗೆಗೆ ಸಿಗುವ ಮೈ ಕಡಿಮೆ. ಸಣ್ಣ ಚೌಕ ಮಾಡಿಟ್ಟರೆ ಒಳಗಿನ ರಸ ಆರಿಹೋಗುತ್ತದೆ. 15 ಗ್ರಾಂ ಉಪ್ಪು, 5 ಗ್ರಾಂ ತರಿತರಿ ಕಾಳುಮೆಣಸಿನ ಪುಡಿ ಸವರಿ ಹಿಂದಿನ ರಾತ್ರಿಯೇ ಫ್ರಿಜ್ಜಿನಲ್ಲಿಡಿ. ಮರುದಿನ ನೇರ ಫ್ರಿಜ್ಜಿನಿಂದ ಸ್ಮೋಕರಿಗೆ ಹಾಕಿ. ಹೊರಗಿಟ್ಟು ತಣಿವು ಬಿಡಿಸಬೇಕಾಗಿಲ್ಲ. ಹೊಗೆ ಹೆಚ್ಚು ಹಿಡಿಯುವುದು ತಣ್ಣಗೆ, ಒದ್ದೆಯಾಗಿರುವ ಮೈಗೆ.

ಸ್ಮೋಕರಿನ ಶಾಖ 110ರಿಂದ 120 ಡಿಗ್ರಿ ಸೆಲ್ಸಿಯಸ್ ಇರಲಿ. ಎರಡೂವರೆಯಿಂದ ಮೂರು ಗಂಟೆಯಲ್ಲಿ ಮಾಂಸದ ಒಳಶಾಖ 70 ಡಿಗ್ರಿಗೆ ಬರುತ್ತದೆ. ಹೊಗೆಯ ಪಾಲು ಇಲ್ಲಿಗೆ ಮುಗಿಯಿತು. ಮಾಂಸ ಆಗ ಗಟ್ಟಿಯಾಗಿಯೇ ಇರುತ್ತದೆ, ಗಾಬರಿ ಬೇಡ.

ಈ ನಡುವೆ ಗೊಜ್ಜು ಸಿದ್ಧ ಮಾಡಿ. ಬೀಜ, ತೊಟ್ಟು ತೆಗೆದ ಒಣಮೆಣಸಿನಕಾಯಿ ಹೀಗಿರಲಿ: ಆಂಚೊ 40 ಗ್ರಾಂ, ಗುವಾಹಿಯೊ 25 ಗ್ರಾಂ, ಚಿಪೋಟ್ಲೆ (ಹೊಗೆಯಲ್ಲಿ ಒಣಗಿಸಿದ ಹಾಲಪೀನ್ಯೊ ಮೆಣಸಿನಕಾಯಿ) ಎರಡು. ಇವನ್ನು ಹುರಿದು, ನೆನೆಸಿ, ರುಬ್ಬಿಟ್ಟುಕೊಳ್ಳಿ; ಆ ಕ್ರಮ ಮುಂದಿನ ಪ್ರಶ್ನೆಯೊಂದರಲ್ಲಿದೆ. ದಪ್ಪ ತಳದ ಪಾತ್ರೆಯಲ್ಲಿ ಎರಡು ದೊಡ್ಡ ಚಮಚ ಎಣ್ಣೆಗೆ 300 ಗ್ರಾಂ ಹೆಚ್ಚಿದ ಈರುಳ್ಳಿ ಹಾಕಿ ಅಂಚು ಕೆಂಪಾಗುವವರೆಗೆ ಬಾಡಿಸಿ. ಎಂಟು ಎಸಳು ಬೆಳ್ಳುಳ್ಳಿ, ಎರಡು ಚಹಾ ಚಮಚ ಹುರಿದು ಪುಡಿ ಮಾಡಿದ ಜೀರಿಗೆ, ಒಂದು ಚಹಾ ಚಮಚ ಒರೆಗಾನೊ ಸೇರಿಸಿ ಅರೆ ನಿಮಿಷ ಕೈಯಾಡಿಸಿ. ಆಮೇಲೆ ರುಬ್ಬಿದ ಮೆಣಸಿನಕಾಯಿ ಹಾಕಿ ಎಣ್ಣೆ ಬಿಡುವ ತನಕ ಐದಾರು ನಿಮಿಷ ಹುರಿಯಿರಿ. ಈ ಹುರಿತವನ್ನು ತಪ್ಪಿಸಿದರೆ ಎಷ್ಟು ಬೇಯಿಸಿದರೂ ಹಸಿ ವಾಸನೆ ಹೋಗುವುದಿಲ್ಲ. ನಂತರ ಒಂದು ಲೀಟರ್ ಮಾಂಸದ ಸಾರು ಅಥವಾ ನೀರು. ಟೊಮೆಟೊ ಬೇಕೆನಿಸಿದರೆ 400 ಗ್ರಾಂ, ಇಲ್ಲದಿದ್ದರೂ ಕೊರತೆಯಿಲ್ಲ.

ಹೊಗೆಯಾಡಿಸಿದ ಮಾಂಸವನ್ನು 2 ಸೆಂಟಿಮೀಟರ್ ಚೌಕ ಮಾಡಿ, ಹಲಗೆಯ ಮೇಲೆ ಇಳಿದ ರಸದ ಸಮೇತ ಪಾತ್ರೆಗೆ ಸುರಿಯಿರಿ. ಒಮ್ಮೆ ಕುದಿ ಬಂದ ಮೇಲೆ ಪಾತ್ರೆಯನ್ನು ಮೊದಲ ಒಂದು ಗಂಟೆ ಮುಚ್ಚಳವಿಲ್ಲದೆ ಸ್ಮೋಕರಿನಲ್ಲಿಡಿ. ಆಮೇಲೆ ಮುಚ್ಚಿ, ಸ್ಮೋಕರಿನಲ್ಲೋ ಒಲೆಯ ಮೇಲೋ ಇನ್ನೂ ಎರಡು ಗಂಟೆ ಬೇಯಲಿ. ಗುಳ್ಳೆ ಒಂದೊಂದಾಗಿ ಏಳುತ್ತಿರಬೇಕು, ಕೊತಕೊತ ಕುದಿಯಬಾರದು. ತುಂಡೊಂದನ್ನು ಚಮಚದ ಬೆನ್ನಿನಿಂದ ಒತ್ತಿದರೆ ಸಲೀಸಾಗಿ ಎಳೆಎಳೆಯಾಗಿ ಬಿಡಿಸಿಕೊಂಡರೆ ಆಯಿತು. ಗಡಿಯಾರಕ್ಕಿಂತ ಆ ಚಮಚವನ್ನು ನಂಬಿ.

ಕೊನೆಯ ಇಪ್ಪತ್ತು ನಿಮಿಷ ಉಳಿದಾಗ ಎರಡು ದೊಡ್ಡ ಚಮಚ ಮಾಸಾ ಹರೀನಾ, ಅಂದರೆ ಸುಣ್ಣದ ನೀರಿನಲ್ಲಿ ಬೇಯಿಸಿ ಒಣಗಿಸಿದ ಮೆಕ್ಕೆಜೋಳದ ಹಿಟ್ಟನ್ನು ತಣ್ಣೀರಿನಲ್ಲಿ ಕದಡಿ ಹಾಕಿ. ಇಳಿಸಿದ ಮೇಲೆ ಒಂದೆರಡು ಚಹಾ ಚಮಚ ನಿಂಬೆರಸ ಅಥವಾ ವಿನೆಗರ್. ಹೊಗೆ ಮತ್ತು ಕೊಬ್ಬು ಸೇರಿ ನಾಲಿಗೆಯ ಮೇಲೆ ಮಂಕು ಕವಿದಂತೆ ಕೂರುತ್ತವೆ. ಅದನ್ನು ಎಬ್ಬಿಸುವುದು ಈ ಹುಳಿ. ಉಪ್ಪನ್ನು ಕಟ್ಟಕಡೆಗೆ ನೋಡಿ ಸರಿಮಾಡಿ.

ಪ್ರಶ್ನೆ: ಆರು ಗಂಟೆ ಹೊಗೆ ಹಾಕಿದೆ. ಪರಿಮಳ ಚೆನ್ನಾಗಿತ್ತು, ಬಾಯಿಗಿಟ್ಟರೆ ಕಹಿ. ನಾಲಿಗೆ ಜೋಮು ಹಿಡಿದ ಹಾಗಾಯಿತು. ಮರ ಸರಿಯಿರಲಿಲ್ಲವೇ?

ಮರಕ್ಕಿಂತ ಗಾಳಿಯ ಮೇಲೆ ಅನುಮಾನ ಪಡಬೇಕು. ಕಟ್ಟಿಗೆ ಚೆನ್ನಾಗಿ ಉರಿಯುತ್ತಿದ್ದರೆ ಬರುವ ಹೊಗೆ ತೆಳ್ಳಗೆ, ತುಸು ನೀಲಿಯಾಗಿ, ಕಂಡೂ ಕಾಣದಂತಿರುತ್ತದೆ. ಗಾಳಿ ಸಾಲದೆ ಹೊಗೆಯುತ್ತ ಕೂತರೆ ದಟ್ಟ ಬಿಳಿ ಅಥವಾ ಹಳದಿ ಹೊಗೆ ಬರುತ್ತದೆ. ಅದರಲ್ಲಿ ಅರೆಬೆಂದ ಡಾಂಬರಿನಂಥ ಅಂಶಗಳಿರುತ್ತವೆ, ಅವು ಮಾಂಸದ ಮೇಲೂ ಗೊಜ್ಜಿನ ಮೇಲೂ ಪದರವಾಗಿ ಕೂರುತ್ತವೆ. ನಾಲಿಗೆ ಜೋಮು ಹಿಡಿಯುವುದು ಅದರಿಂದ. ಸ್ಮೋಕರಿನ ಮುಚ್ಚಳದ ಒಳಮೈಯನ್ನು ಬೆರಳಿನಿಂದ ಒರೆಸಿ ನೋಡಿ. ಕಪ್ಪಗೆ ಹೊಳೆಯುವ ಜಿಗುಟು ಅಂಟಿದರೆ ಕಾರಣ ಖಚಿತವಾಯಿತು.

ಶಾಖ ಇಳಿಸಬೇಕೆಂದು ಮೇಲಿನ ಗಾಳಿಕಿಂಡಿ ಮುಚ್ಚುವುದು ಹೆಚ್ಚಿನವರು ಮಾಡುವ ತಪ್ಪು. ಮೇಲಿನ ಕಿಂಡಿ ಸದಾ ತೆರೆದೇ ಇರಬೇಕು. ಶಾಖವನ್ನು ಕೆಳಗಿನ ಕಿಂಡಿಯಿಂದ ಹಿಡಿತಕ್ಕೆ ತನ್ನಿ. ಇದ್ದಿಲಿನ ಮೇಲೆ ಬೂದಿ ಕವಿಯುವ ಮೊದಲೇ ಮಾಂಸ ಇಡುವುದು, ಹಸಿ ಕಟ್ಟಿಗೆ ಹಾಕುವುದು, ಒಮ್ಮೆಗೇ ನಾಲ್ಕೈದು ತುಂಡು ತುರುಕುವುದು, ಇವೂ ಅದೇ ಫಲ ಕೊಡುತ್ತವೆ.

ಇನ್ನು ಆರು ಗಂಟೆಯ ವಿಚಾರ. ಚಿಲಿಗೆ ಅಷ್ಟು ಹೊಗೆ ಬೇಡವೇ ಬೇಡ. ಇಡೀ ಮಾಂಸದ ತುಂಡಿಗೆ ಹೊಗೆ ಹಿಡಿಯುವುದು ಮೇಲ್ಮೈಗೆ ಮಾತ್ರ, ಒಳಭಾಗ ಹಾಗೆಯೇ ಉಳಿಯುತ್ತದೆ. ತೆರೆದ ಪಾತ್ರೆಯಲ್ಲಿ ಹಾಗಲ್ಲ. ಪ್ರತಿ ಸಲ ಕೈಯಾಡಿಸಿದಾಗ ಹೊಸ ಮೈ ಮೇಲೆ ಬರುತ್ತದೆ, ಗೊಜ್ಜಿನ ನೀರೂ ಕೊಬ್ಬೂ ಹೊಗೆಯನ್ನು ಕರಗಿಸಿಕೊಳ್ಳುತ್ತವೆ, ಮೇಲಾಗಿ ನೀರು ಇಂಗಿದಷ್ಟೂ ಅದು ಗಾಢವಾಗುತ್ತದೆ. ಮಾಂಸಕ್ಕೆ ಮೂರು ಗಂಟೆ, ಪಾತ್ರೆಗೆ ಒಂದು ಗಂಟೆ: ಇದಕ್ಕಿಂತ ಹೆಚ್ಚು ಬೇಡ.

ಕೆಟ್ಟ ಪಾತ್ರೆಯಿಂದ ಹೊಗೆಯನ್ನು ತೆಗೆಯುವ ಉಪಾಯವಿಲ್ಲ. ಸಕ್ಕರೆ ಹಾಕಿ ಮುಚ್ಚಲು ನೋಡಬೇಡಿ. ಸಿಹಿಯೂ ಕಹಿಯೂ ಬೇರೆಬೇರೆಯಾಗಿಯೇ ತಿಳಿಯುತ್ತವೆ. ಹೊಗೆಯಿಲ್ಲದ ಇನ್ನೊಂದು ಪಾತ್ರೆ ಚಿಲಿ ಮಾಡಿ, ಅದರ ಎರಡು ಪಾಲಿಗೆ ಇದರ ಒಂದು ಪಾಲು ಬೆರೆಸಿ, ಮೇಲೆ ತೇಲುವ ಕೊಬ್ಬನ್ನು ತೆಗೆದುಬಿಡಿ. ಹೊಗೆಯ ಕಹಿಯಲ್ಲಿ ಒಳ್ಳೆಯ ಪಾಲು ಆ ಕೊಬ್ಬಿನಲ್ಲಿಯೇ ಇರುತ್ತದೆ.

ಪ್ರಶ್ನೆ: ಕಟ್ಟಿಗೆ ಯಾವುದು? ನೀರಿನಲ್ಲಿ ನೆನೆಸಿ ಹಾಕಬೇಕೇ?

ಓಕ್ ಎಲ್ಲಕ್ಕೂ ಸೈ. ಹಿಕರಿ ಸ್ವಲ್ಪ ಜೋರು, ಸೇಬು ಮತ್ತು ಚೆರಿ ಮರದ ಹೊಗೆ ಸೌಮ್ಯ. ಟೆಕ್ಸಸ್‌ನಲ್ಲಿ ಧಾರಾಳವಾಗಿ ಬಳಸುವ ಮೆಸ್ಕೀಟ್ ತುಂಬ ಖಡಕ್ಕು. ಹೊಸಬರು ಒಂದೇ ತುಂಡು ಹಾಕಿ ನೋಡಬೇಕು. ಪೈನ್ ಜಾತಿಯ ಅಂಟು ಸೋರುವ ಮರ, ಬಣ್ಣ ಬಳಿದದ್ದು, ಪ್ಲೈವುಡ್, ಔಷಧ ಹಾಕಿದ ಪ್ಯಾಕಿಂಗ್ ಮರ ಇವನ್ನು ಮುಟ್ಟಬೇಡಿ. ನೆನೆಸಬೇಡಿ: ನೀರು ಮರದ ಒಳಕ್ಕೆ ಹೆಚ್ಚು ಇಳಿಯುವುದಿಲ್ಲ, ಹೊರಗಿನ ತೇವ ಹಬೆಯಾಗಿ ಹೋಗುವ ತನಕ ಹೊಗೆ ತಡವಾಗುತ್ತದೆ, ಕೆಂಡವೂ ಮಂಕಾಗುತ್ತದೆ. ಮುಷ್ಟಿ ಗಾತ್ರದ ಮೂರು ಒಣ ತುಂಡು ಇಡೀ ಅಡುಗೆಗೆ ಸಾಕು.

ಪ್ರಶ್ನೆ: ನನ್ನಲ್ಲಿರುವುದು ಗುಂಡನೆಯ ಇದ್ದಿಲಿನ ಗ್ರಿಲ್ ಮಾತ್ರ. ತಂಗಿಯ ಮನೆಯಲ್ಲಿ ಅದೂ ಇಲ್ಲ, ಅಡುಗೆಮನೆಯ ಗ್ಯಾಸ್ ಒಲೆಯಷ್ಟೇ. ಇಬ್ಬರಿಗೂ ದಾರಿ ಇದೆಯೇ?

ನಿಮ್ಮ ಗ್ರಿಲ್ ಧಾರಾಳವಾಗಿ ಸಾಕು. ಒತ್ತಿ ಮಾಡಿದ ಇದ್ದಿಲಿನ ಬಿಲ್ಲೆಗಳನ್ನು ಗ್ರಿಲ್ಲಿನ ಅಂಚಿಗೆ ಹಾವಿನಂತೆ ಸಾಲು ಜೋಡಿಸಿ. ಅಗಲಕ್ಕೆ ಎರಡು, ಎತ್ತರಕ್ಕೆ ಎರಡು, ಉದ್ದ ಸುತ್ತಳತೆಯ ಅರ್ಧ. ಕಟ್ಟಿಗೆಯ ಮೂರು ತುಂಡನ್ನು ಸಾಲಿನ ಮೊದಲ ಅರ್ಧದ ಮೇಲಷ್ಟೇ ಇಡಿ, ಹೊಗೆ ತಾನಾಗಿಯೇ ಬೇಗ ಮುಗಿಯುತ್ತದೆ. ಎಂಟು ಬಿಲ್ಲೆಗಳನ್ನು ಬೇರೆಡೆ ಕೆಂಡ ಮಾಡಿ ಸಾಲಿನ ಒಂದು ತುದಿಗೆ ಸುರಿಯಿರಿ. ಬೆಂಕಿ ಒಂದರಿಂದ ಒಂದಕ್ಕೆ ದಾಟುತ್ತ ಗಂಟೆಗಟ್ಟಲೆ ಹೋಗುತ್ತದೆ. ಮಾಂಸ ಇದ್ದಿಲಿಲ್ಲದ ಬದಿಯಲ್ಲಿರಲಿ, ಮುಚ್ಚಳದ ಕಿಂಡಿ ಮಾಂಸದ ಮೇಲಕ್ಕೆ ಬರುವಂತೆ ತಿರುಗಿಸಿ. ಆಗ ಹೊಗೆ ಮಾಂಸವನ್ನು ಹಾದೇ ಹೊರಹೋಗಬೇಕಾಗುತ್ತದೆ. ಕೆಳಗಿನ ಕಿಂಡಿ ಕಾಲುಭಾಗ ತೆರೆದು ಶುರು ಮಾಡಿ, ಅಲ್ಲಿಂದ ತುಸು ತುಸುವೇ ಹೊಂದಿಸಿ. ಒಮ್ಮೆ ತಿರುಗಿಸಿದ ಮೇಲೆ ಹದಿನೈದು ನಿಮಿಷ ಕೈ ಹಚ್ಚಬೇಡಿ, ಶಾಖ ಬದಲಾಗಲು ಅಷ್ಟು ಹೊತ್ತು ಬೇಕು. ಪದೇ ಪದೇ ಮುಚ್ಚಳ ತೆರೆದು ನೋಡುವುದೂ ಬೇಡ.

ನಿಮ್ಮ ತಂಗಿಗೆ ಮೊದಲು ಒಂದು ಎಚ್ಚರಿಕೆ: ಮನೆಯ ಒಳಗೆ, ಮುಚ್ಚಿದ ಬಾಲ್ಕನಿಯಲ್ಲಿ, ಗ್ಯಾರೇಜಿನಲ್ಲಿ ಇದ್ದಿಲು ಹೊತ್ತಿಸಲೇಬಾರದು. ಕಾರ್ಬನ್ ಮೊನಾಕ್ಸೈಡ್‌ಗೆ ಬಣ್ಣವೂ ಇಲ್ಲ, ವಾಸನೆಯೂ ಇಲ್ಲ. ಕಿಟಕಿ ತೆರೆದಿದ್ದೇನೆಂಬ ಧೈರ್ಯ ಅಲ್ಲಿ ಕೆಲಸಕ್ಕೆ ಬರುವುದಿಲ್ಲ. ಒಲೆಯ ಮೇಲೆಯೇ ಹೊಗೆ ಬೇಕೆಂದರೆ, ದಪ್ಪ ಬಾಣಲೆಗೆ ಅಲ್ಯುಮಿನಿಯಂ ಹಾಳೆ ಹಾಸಿ, ಎರಡು ದೊಡ್ಡ ಚಮಚ ಸಣ್ಣ ಮರದ ಪುಡಿ ಹಾಕಿ, ಮೇಲೆ ಜಾಲರಿ ಇಟ್ಟು ಟೊಮೆಟೊ, ಈರುಳ್ಳಿಯ ಹೋಳುಗಳನ್ನು ಹರಡಿ. ಹೊಗೆ ಎದ್ದೊಡನೆ ಬಿಗಿಯಾಗಿ ಮುಚ್ಚಿ, ಉರಿ ಸಣ್ಣ ಮಾಡಿ, ಹನ್ನೆರಡರಿಂದ ಹದಿನೈದು ನಿಮಿಷ ಬಿಡಿ. ಹೊಗೆ ಸೆಳೆಯುವ ಫ್ಯಾನ್ ಓಡುತ್ತಿರಲಿ, ಕಿಟಕಿ ತೆರೆದಿರಲಿ. ಮಾಂಸವನ್ನು ಮಾಮೂಲಿನಂತೆ ಕೆಂಪಗೆ ಹುರಿದು ಬೇಯಿಸಿ, ಹೊಗೆ ತರಕಾರಿಯಿಂದ ಬರಲಿ.

ಇದೂ ಬೇಡವೆಂದರೆ ಚಿಪೋಟ್ಲೆಯನ್ನು ನಾಲ್ಕಕ್ಕೆ ಏರಿಸಿ, ಒಂದು ದೊಡ್ಡ ಚಮಚ ಹೊಗೆಯಾಡಿಸಿದ ಪಾಪ್ರಿಕಾ ಹಾಕಿ. ಸ್ಪೇನಿನ ಲಾ ವೇರಾ ಪ್ರದೇಶದ ಪಾಪ್ರಿಕಾ ಓಕ್ ಕಟ್ಟಿಗೆಯ ಹೊಗೆಯಲ್ಲಿಯೇ ಒಣಗಿದ್ದು. ಬಾಟಲಿಯಲ್ಲಿ ಸಿಗುವ ದ್ರವಹೊಗೆ ಮೋಸದ ಸರಕಲ್ಲ, ನಿಜವಾದ ಹೊಗೆಯನ್ನೇ ನೀರಿನಲ್ಲಿ ಹಿಡಿದದ್ದು. ಆದರೆ ಮೂರು ಲೀಟರಿಗೆ ಕಾಲು ಚಹಾ ಚಮಚ ದಾಟಬೇಡಿ.

ಪ್ರಶ್ನೆ: ಮಾಂಸದ ಶಾಖ 68 ಡಿಗ್ರಿಗೆ ಬಂದು ಒಂದೂವರೆ ಗಂಟೆ ಅಲ್ಲೇ ನಿಂತಿತು. ಥರ್ಮಾಮೀಟರ್ ಕೆಟ್ಟಿದೆಯೇ?

ಕೆಟ್ಟಿಲ್ಲ. ಮಾಂಸ ಬೆವರುತ್ತಿದೆ. ಮೈಮೇಲಿನ ತೇವ ಆವಿಯಾಗುತ್ತ ಒಳಗೆ ಬರುವ ಶಾಖವನ್ನೆಲ್ಲ ಹೀರಿಕೊಳ್ಳುತ್ತದೆ. ಮಣ್ಣಿನ ಹೂಜಿಯ ನೀರು ತಣ್ಣಗಿರುವುದೂ ಇದೇ ಕಾರಣಕ್ಕೆ. ದೊಡ್ಡ ತುಂಡು 65ರಿಂದ 75 ಡಿಗ್ರಿಯ ನಡುವೆ ಹೀಗೆ ನಿಲ್ಲುವುದು ಸಹಜ. ಬೇರೆ ಅಡುಗೆಯಲ್ಲಾದರೆ ಕಾಯಬೇಕು ಅಥವಾ ಹಾಳೆ ಸುತ್ತಬೇಕು. ಚಿಲಿಯಲ್ಲಿ ಆ ಗೋಜಿಲ್ಲ: ನಿಂತಿತೆಂದರೆ ತೆಗೆದು ಹೆಚ್ಚಿ ಪಾತ್ರೆಗೆ ಹಾಕಿ, ಉಳಿದದ್ದನ್ನು ಗೊಜ್ಜು ನೋಡಿಕೊಳ್ಳುತ್ತದೆ.

ಪ್ರಶ್ನೆ: ಕೈಮಾವನ್ನು ದೊಡ್ಡ ಉಂಡೆ ಮಾಡಿ ಪಾತ್ರೆಯ ಮೇಲಿನ ಜಾಲರಿಯಲ್ಲಿಟ್ಟು, ಅದರ ರಸ ಕೆಳಗಿನ ಗೊಜ್ಜಿಗೆ ತೊಟ್ಟಿಕ್ಕುವಂತೆ ಮಾಡಿದೆ. ಅರ್ಧ ದಾರಿಯಲ್ಲಿ ಉಂಡೆ ಬಿರಿದು ಬಿತ್ತು. ಇನ್ನೊಮ್ಮೆ ಮಾಡಿದಾಗ ಬಿರಿಯಲಿಲ್ಲ, ಒಡೆದು ನೋಡಿದರೆ ಅಂಚೆಲ್ಲ ಗುಲಾಬಿ ಬಣ್ಣ. ಹಸಿಯಾಗಿತ್ತೇ?

ಬಿರಿಯುವುದಕ್ಕೆ ಸಾಮಾನ್ಯವಾಗಿ ಹಸಿ ಈರುಳ್ಳಿ ಕಾರಣ. ಅದು ನೀರು ಬಿಟ್ಟು ಸಂದು ಮಾಡುತ್ತದೆ. ಉಂಡೆಗೆ ಈರುಳ್ಳಿ ಬೇಡ, ಅದು ಗೊಜ್ಜಿನಲ್ಲಿರಲಿ. ಐದರಲ್ಲಿ ಒಂದು ಪಾಲು ಕೊಬ್ಬಿರುವ ಒಂದು ಕಿಲೋ ಕೈಮಾಗೆ 12 ಗ್ರಾಂ ಉಪ್ಪು, ಎರಡು ಚಹಾ ಚಮಚ ಮೆಣಸಿನಕಾಯಿ ಪುಡಿ ಹಾಕಿ, ಕೈಗೆ ಅಂಟಂಟಾಗುವ ತನಕ ಎರಡು ನಿಮಿಷ ನಾದಿ. ಉಪ್ಪು ಮಾಂಸದ ಪ್ರೋಟೀನನ್ನು ಬಿಡಿಸಿ ಅಂಟು ಮಾಡುತ್ತದೆ. ಉಂಡೆಗಿಂತ 6 ಸೆಂಟಿಮೀಟರ್ ದಪ್ಪದ ಬಿಲ್ಲೆ ಮಾಡುವುದು ಜಾಣತನ, ನಡುಭಾಗ ಬೇಗ ಬೇಯುತ್ತದೆ. ಒಂದು ಗಂಟೆ ಫ್ರಿಜ್ಜಿನಲ್ಲಿಟ್ಟು ಆಮೇಲೆ ಜಾಲರಿಗೆ ಏರಿಸಿ.

ಗುಲಾಬಿ ಬಣ್ಣ ಎಲ್ಲಿದೆ ಎಂಬುದೇ ಮುಖ್ಯ. ಹೊರ ಅಂಚಿನಲ್ಲಿ ಗುಲಾಬಿ, ನಡುವೆ ಬೂದುಕಂದು ಇದ್ದರೆ ಅದು ಹೊಗೆಯ ಉಂಗುರ: ಹೊಗೆಯಲ್ಲಿನ ಅನಿಲಗಳು ಮಾಂಸದ ಕೆಂಪು ವರ್ಣದ್ರವ್ಯಕ್ಕೆ ಅಂಟಿಕೊಂಡು ಬಣ್ಣವನ್ನು ಹಿಡಿದಿಡುತ್ತವೆ. ನಡುವೆ ಗುಲಾಬಿ ಇದ್ದರೆ ಬೇಯದ್ದಿರಬಹುದು. ಬಣ್ಣವನ್ನು ನಂಬದೆ ನಡುಮಧ್ಯಕ್ಕೆ ಥರ್ಮಾಮೀಟರ್ ಚುಚ್ಚಿ. ಕೈಮಾ ಎಂದರೆ ಹೊರಗಿದ್ದ ಸೂಕ್ಷ್ಮಜೀವಿಗಳೆಲ್ಲ ಒಳಗೆ ಸೇರಿಬಿಟ್ಟಿರುತ್ತವೆ, ಆದ್ದರಿಂದ 71 ಡಿಗ್ರಿ ಆಗಲೇಬೇಕು. ತೊಟ್ಟಿಕ್ಕುವ ರಸದ ಜೊತೆ ಕೊಬ್ಬೂ ಪಾತ್ರೆಗೆ ಇಳಿದಿರುತ್ತದೆ, ಬಿಲ್ಲೆಯನ್ನು ಪುಡಿ ಮಾಡಿ ಹಾಕುವ ಮೊದಲೇ ಸೌಟಿನಿಂದ ತೆಗೆದುಬಿಡಿ.

ಪ್ರಶ್ನೆ: ರಾಜ್ಮಾ ನೆನೆಸಿ ಹಾಗೆಯೇ ಗೊಜ್ಜಿಗೆ ಹಾಕಿ ಸ್ಮೋಕರಿನಲ್ಲಿ ಐದು ಗಂಟೆ ಇಟ್ಟೆ. ಕಾಳು ಬೇಯಲೇ ಇಲ್ಲ. ತಿಂದ ಇಬ್ಬರಿಗೆ ವಾಂತಿಯಾಯಿತು. ಮಾಂಸ ಹಳಸಿತ್ತೇ?

ಮಾಂಸವೇ ಕಾರಣವೆಂದು ತೀರ್ಮಾನಿಸುವ ಮೊದಲು ರಾಜ್ಮಾವನ್ನು ನೋಡಬೇಕು. ಈ ಪತ್ರವನ್ನು ಎಲ್ಲರೂ ಗಮನವಿಟ್ಟು ಓದಲಿ ಎಂದು ಕೇಳಿಕೊಳ್ಳುತ್ತೇವೆ.

ಹಸಿ ರಾಜ್ಮಾದಲ್ಲಿ ಫೈಟೋಹೀಮಗ್ಲುಟಿನಿನ್ ಎಂಬ ವಿಷಾಂಶವಿದೆ. ನಾಲ್ಕೈದು ಹಸಿ ಕಾಳು ಹೊಟ್ಟೆಗೆ ಹೋದರೂ ಸಾಕು, ಒಂದರಿಂದ ಮೂರು ಗಂಟೆಯೊಳಗೆ ವಾಂತಿ, ಭೇದಿ ಶುರುವಾಗಬಹುದು. ಕುದಿಯುವ ನೀರಿನ 100 ಡಿಗ್ರಿಯಲ್ಲಿ ಅದು ನಾಶವಾಗುತ್ತದೆ. 80 ಡಿಗ್ರಿಯ ಹತ್ತಿರ ಅದು ಪೂರ್ತಿ ನಾಶವಾಗುತ್ತದೆಂದು ನಂಬುವಂತಿಲ್ಲ, ಅದರ ತೀವ್ರತೆ ಹಸಿ ಕಾಳಿಗಿಂತಲೂ ಹೆಚ್ಚಾಗಬಹುದು. ಸ್ಮೋಕರಿನ ಮುಳ್ಳು 120 ತೋರಿಸುತ್ತಿತ್ತಲ್ಲ ಎಂದು ನೀವು ಕೇಳಬಹುದು. ಅದು ಗಾಳಿಯ ಶಾಖ. ತೆರೆದ ಪಾತ್ರೆಯ ಗೊಜ್ಜು ಸತತವಾಗಿ ಆವಿಯಾಗುತ್ತ ತನ್ನನ್ನೇ ತಣಿಸಿಕೊಳ್ಳುತ್ತದೆ. ಮೇಲಿನ ಪ್ರಶ್ನೆಯ ಬೆವರುವ ಮಾಂಸದ ಹಾಗೆಯೇ. ಹೀಗಾಗಿ ಅದು 80–90 ಡಿಗ್ರಿಯ ಆಸುಪಾಸಿನಲ್ಲಿ ನಿಂತುಬಿಡುತ್ತದೆ, ಕುದಿಗೆ ಬರುವುದೇ ಇಲ್ಲ. ನಿಧಾನ ಬೇಯಿಸುವ ವಿದ್ಯುತ್ ಪಾತ್ರೆಗಳಲ್ಲೂ ಇದೇ ಅಪಾಯವಿದೆ.

ಸರಿಯಾದ ಕ್ರಮ ಹೀಗೆ. ಕನಿಷ್ಠ 5 ಗಂಟೆ ನೆನೆಸಿ, ಆ ನೀರನ್ನು ಚೆಲ್ಲಿ, ಹೊಸ ನೀರಿನಲ್ಲಿ 30 ನಿಮಿಷ ಭರ್ತಿ ಕುದಿಸಿ. ಆಮೇಲೆ ಸಣ್ಣ ಉರಿಯಲ್ಲಿ ಮೆತ್ತಗಾಗುವ ತನಕ ಬೇಯಿಸಿ, ಅಥವಾ ಪ್ರೆಶರ್ ಕುಕ್ಕರಿನಲ್ಲಿ ಬೇಯಿಸಿ. ಪೂರ್ತಿ ಬೆಂದ ಕಾಳನ್ನು ಮಾತ್ರ ಚಿಲಿಗೆ ಸೇರಿಸಿ, ಅದೂ ಕೊನೆಯ ಒಂದು ಗಂಟೆಯಲ್ಲಿ. ಡಬ್ಬಿಯ ರಾಜ್ಮಾ ಬೆಂದೇ ಬಂದಿರುತ್ತದೆ, ತೊಳೆದು ಹಾಕಬಹುದು.

ಕಾಳು ಬೇಯದ್ದಕ್ಕೆ ಇನ್ನೊಂದು ಕಾರಣ ಟೊಮೆಟೊ. ಹುಳಿ ಕಾಳಿನ ಸಿಪ್ಪೆಯನ್ನು ಬಿಗಿ ಮಾಡುತ್ತದೆ. ಗಡಸು ನೀರಿನ ಸುಣ್ಣದ ಅಂಶವೂ ಹಾಗೆಯೇ. ಹುಳಿಯಲ್ಲಿ ಬಿದ್ದ ಅರೆಬೆಂದ ಕಾಳು ದಿನವಿಡೀ ಅರೆಬೆಂದೇ ಇರುತ್ತದೆ.

ಕಾಳು ಹಾಕಿದರೆ ಅದು ಚಿಲಿಯೇ ಅಲ್ಲ ಎಂದು ಟೆಕ್ಸಸ್‌ನವರು ವಾದ ಮಾಡುತ್ತಾರೆ. 1967ರಲ್ಲಿ ಅಲ್ಲಿನ ಟರ್ಲಿಂಗ್ವಾದಲ್ಲಿ ಶುರುವಾದ ಚಿಲಿ ಪಂದ್ಯಗಳ ಪರಂಪರೆಯಲ್ಲಿ ಸ್ಪರ್ಧೆಯ ಪಾತ್ರೆಗೆ ಕಾಳು ಹಾಕುವಂತಿಲ್ಲ. ಮನೆಯ ಪಾತ್ರೆಗೆ ಆ ಕಟ್ಟುಪಾಡಿಲ್ಲ. ಪಿಂಟೊ ಬೀನ್ಸ್ ಹೊಗೆಯ ರುಚಿಗೆ ರಾಜ್ಮಾಗಿಂತ ಚೆನ್ನಾಗಿ ಹೊಂದುತ್ತದೆ ಎಂಬುದು ನಮ್ಮ ಅಭಿಪ್ರಾಯ.

ಪ್ರಶ್ನೆ: ಒಣಮೆಣಸಿನಕಾಯಿ ರುಬ್ಬಿ ಹಾಕಿದರೆ ಕಹಿ, ಜೊತೆಗೆ ಬಾಯಿಗೆ ಸಿಪ್ಪೆ ಸಿಗುತ್ತದೆ. ಅಂಗಡಿಯ ಚಿಲಿ ಪುಡಿಯೇ ವಾಸಿ ಅಲ್ಲವೇ?

ಅಲ್ಲ. ಆ ಪುಡಿ ಬರೀ ಮೆಣಸಿನಕಾಯಿಯದಲ್ಲ. ಜೀರಿಗೆ, ಒರೆಗಾನೊ, ಬೆಳ್ಳುಳ್ಳಿ, ಕೆಲವೊಮ್ಮೆ ಉಪ್ಪು ಬೆರೆಸಿದ ಮಸಾಲೆ. ತುರ್ತಿಗೆ ಸರಿ. ಆಂಚೊದ ಒಣದ್ರಾಕ್ಷಿಯಂಥ ಸಿಹಿ, ಗುವಾಹಿಯೊದ ತುಸು ಹುಳಿ, ಇವು ಪುಡಿಯಲ್ಲಿ ಉಳಿದಿರುವುದಿಲ್ಲ.

ಕಹಿ ಬಂದದ್ದು ಹುರಿಯುವಾಗ ಸೀದದ್ದರಿಂದ. ಒಣ ಕಾವಲಿಯ ಮೇಲೆ ಒಂದೊಂದು ಬದಿಗೆ 20–30 ಸೆಕೆಂಡ್ ಮಾತ್ರ ಒತ್ತಿಹಿಡಿಯಿರಿ. ಪರಿಮಳ ಏಳಬೇಕು, ಬಣ್ಣ ತುಸು ತಿಳಿಯಾಗಬೇಕು. ಕಪ್ಪು ಚುಕ್ಕೆ ಕಂಡರೆ ಆ ಕಾಯಿಯನ್ನು ಎಸೆಯಿರಿ. ಒಂದೇ ಒಂದು ಸೀದ ಕಾಯಿ ಇಡೀ ಗೊಜ್ಜನ್ನು ಕೆಡಿಸುತ್ತದೆ. ಬಿಸಿನೀರಿನಲ್ಲಿ ಅರ್ಧ ಗಂಟೆ ಮುಳುಗಿಸಿಡಿ. ನೆನೆಸಿದ ನೀರನ್ನು ಬಾಯಿಗೆ ಹಾಕಿ ನೋಡಿ, ಕಹಿಯಿದ್ದರೆ ಚೆಲ್ಲಿ ಸಾರಿನಲ್ಲಿ ರುಬ್ಬಿ. ಸಿಪ್ಪೆಯ ಕಾಟಕ್ಕೆ ಉಪಾಯ ಜರಡಿ: ರುಬ್ಬಿದ್ದನ್ನು ಸೌಟಿನ ಬೆನ್ನಿನಿಂದ ಉಜ್ಜಿ ಸೋಸಿ. ಗುವಾಹಿಯೊದ ಸಿಪ್ಪೆ ಹೆಚ್ಚು ಬಿರುಸು, ಅದಕ್ಕಂತೂ ಜರಡಿ ಬೇಕೇ ಬೇಕು.

ಪ್ರಶ್ನೆ: ಖಾರ ವಿಪರೀತವಾಯಿತು. ನೀರು ಹಾಕಿದರೂ ಕಡಿಮೆಯಾಗಲಿಲ್ಲ.

ಖಾರದ ಅಂಶ ನೀರಿನಲ್ಲಿ ಕರಗುವುದಿಲ್ಲ, ಕೊಬ್ಬಿನಲ್ಲಿ ಕರಗುತ್ತದೆ. ತೇಲುವ ಎಣ್ಣೆಯನ್ನು ತೆಗೆಯಿರಿ, ಬೆಂದ ಕಾಳು ಅಥವಾ ಮಾಂಸ ಸೇರಿಸಿ ಹೆಚ್ಚಿಸಿ, ಬಡಿಸುವಾಗ ಹುಳಿಕೆನೆ ಅಥವಾ ಗಟ್ಟಿ ಮೊಸರು ಹಾಕಿ. ಮುಂದಿನ ಸಲ ಚಿಪೋಟ್ಲೆ ಒಂದೇ ಸಾಕು.

ಪ್ರಶ್ನೆ: ಮಾಂಸವಿಲ್ಲದೆ ಮಾಡಬಹುದೇ? ಒಮ್ಮೆ ಮಾಡಿದೆ, ಹೊಗೆ ಹಾಕಿದ ಸಾರಿನ ಹಾಗೆ ತೆಳ್ಳಗಾಯಿತು.

ಖಂಡಿತ ಮಾಡಬಹುದು. ಮಾಂಸ ಕೊಡುತ್ತಿದ್ದ ಮೂರನ್ನು ಬೇರೆ ಕಡೆಯಿಂದ ತರಬೇಕು: ಕೊಬ್ಬು, ಅಂಟು, ಅಗಿಯಲು ಸಿಗುವ ತುಂಡು. 800 ಗ್ರಾಂ ಅಣಬೆಯನ್ನು ದೊಡ್ಡದಾಗಿ ಹರಿದು ಉಪ್ಪು, ಎಣ್ಣೆ ಸವರಿ, ಎರಡಾಗಿ ಸೀಳಿದ ಟೊಮೆಟೊ, ಈರುಳ್ಳಿಯ ಜೊತೆ 110 ಡಿಗ್ರಿಯಲ್ಲಿ 45 ನಿಮಿಷ ಹೊಗೆಯಾಡಿಸಿ. ಅದಕ್ಕಿಂತ ಹೆಚ್ಚು ಬೇಡ. ಅಣಬೆ ಸ್ಪಂಜಿನಂತೆ ಹೊಗೆ ಹೀರುತ್ತದೆ. ಆಮೇಲೆ ಬಿಸಿ ಬಾಣಲೆಯಲ್ಲಿ ನೀರು ಆರಿ ಕೆಂಪಾಗುವವರೆಗೆ ಹುರಿಯಿರಿ. ಬೆಂದ ಕಾಳು 600 ಗ್ರಾಂ ಇರಲಿ, ಅದರಲ್ಲಿ ಕಾಲುಭಾಗವನ್ನು ಅರೆದು ಹಾಕಿದರೆ ಗೊಜ್ಜಿಗೆ ಮೈ ಬರುತ್ತದೆ. ಮೂರು ದೊಡ್ಡ ಚಮಚ ಎಣ್ಣೆ ಕೈಬಿಗಿ ಹಿಡಿಯದೆ ಹಾಕಿ, ಒಂದು ದೊಡ್ಡ ಚಮಚ ಸೋಯಾ ಸಾಸ್ ಮಾಂಸದ ರುಚಿಯ ಜಾಗ ತುಂಬುತ್ತದೆ. ಎಲ್ಲ ಸೇರಿ ಒಂದು ಗಂಟೆ ಬೆಂದರೆ ಸಾಕು.

ಪ್ರಶ್ನೆ: ಪಾತ್ರೆ ಯಾವುದು? ಕಬ್ಬಿಣದ್ದರಲ್ಲಿ ಮಾಡಿದಾಗ ಲೋಹದ ರುಚಿ ಬಂತು, ತಳವೂ ಹಿಡಿಯಿತು.

ಬರಿ ಕಬ್ಬಿಣ, ಅಲ್ಯುಮಿನಿಯಂ ಎರಡೂ ಟೊಮೆಟೊದ ಹುಳಿಗೆ ಒಗ್ಗುವುದಿಲ್ಲ. ಎನಾಮಲ್ ಲೇಪದ ಕಬ್ಬಿಣ ಅಥವಾ ದಪ್ಪ ತಳದ ಸ್ಟೀಲ್ ಇರಲಿ. ಹೊಗೆಗೆ ಇಡುವಾಗ ಆಳಕ್ಕಿಂತ ಅಗಲವಾದ ಪಾತ್ರೆ ಒಳ್ಳೆಯದು. ತಳ ಹಿಡಿಯುವುದು ಹೆಚ್ಚಾಗಿ ಜೋಳದ ಹಿಟ್ಟು ಬಿದ್ದ ಮೇಲೆ. ಹಿಡಿದದ್ದು ತಿಳಿದರೆ ಕೆರೆಯಬೇಡಿ, ಮೇಲಿನದನ್ನು ಮೆಲ್ಲಗೆ ಬೇರೆ ಪಾತ್ರೆಗೆ ಬಗ್ಗಿಸಿ.

ಪ್ರಶ್ನೆ: ಮರುದಿನಕ್ಕೆ ರುಚಿ ಹೆಚ್ಚು ಎನ್ನುತ್ತಾರೆ. ರಾತ್ರಿ ಒಲೆಯ ಮೇಲೇ ಬಿಡಬಹುದೇ?

ರುಚಿ ಹೆಚ್ಚುವುದು ನಿಜ, ಹೊಗೆಯ ಮೊನಚು ಇಳಿದು ಮೆಣಸಿನಕಾಯಿಯೊಂದಿಗೆ ಒಂದಾಗುತ್ತದೆ. ಒಲೆಯ ಮೇಲೆ ಮಾತ್ರ ಬಿಡಬೇಡಿ. ದೊಡ್ಡ ಪಾತ್ರೆಯ ನಡುಭಾಗ ರಾತ್ರಿಯಿಡೀ ಬೆಚ್ಚಗಿರುತ್ತದೆ, ಬ್ಯಾಕ್ಟೀರಿಯಾಕ್ಕೆ ಬೇಕಾದದ್ದೂ ಅದೇ. 5 ಸೆಂಟಿಮೀಟರ್ ಆಳದ ಅಗಲ ತಟ್ಟೆಗಳಿಗೆ ಹಾಕಿ. 60 ಡಿಗ್ರಿಯಿಂದ 21ಕ್ಕೆ ಎರಡು ಗಂಟೆಯೊಳಗೆ ಇಳಿಯಬೇಕು, ಅಲ್ಲಿಂದ 5ಕ್ಕೆ ಇನ್ನು ನಾಲ್ಕು ಗಂಟೆಯೊಳಗೆ. ಫ್ರಿಜ್ಜಿನಲ್ಲಿ ಮೂರರಿಂದ ನಾಲ್ಕು ದಿನ ಇರುತ್ತದೆ. ಮೇಲೆ ಗಟ್ಟಿಯಾಗಿ ಕೂತ ಕೊಬ್ಬನ್ನು ಆಗ ಸುಲಭವಾಗಿ ಎತ್ತಬಹುದು.

ಪ್ರಶ್ನೆ: ಚಿಪೋಟ್ಲೆಯನ್ನೇ ಮನೆಯಲ್ಲಿ ಮಾಡಬೇಕೆಂದಿದ್ದೇನೆ. ಗಿಡದಲ್ಲಿ ಹಾಲಪೀನ್ಯೊ ಬಿಟ್ಟಿದೆ, ಹಸಿರಾಗಿಯೇ ಕೊಯ್ಯಲೇ?

ಬೇಡ, ಪೂರ್ತಿ ಕೆಂಪಾಗಲಿ. ಚಿಪೋಟ್ಲೆ ಎಂಬ ಮಾತು ಮೆಕ್ಸಿಕೋದ ನಾವಾಟ್ಲ್ ಭಾಷೆಯ 'ಹೊಗೆಯ ಮೆಣಸಿನಕಾಯಿ' ಎಂಬರ್ಥದ ಪದದಿಂದ ಬಂದದ್ದು. ಹಾಲಪೀನ್ಯೊದ ಸಿಪ್ಪೆಯೂ ತಿರುಳೂ ದಪ್ಪ, ಬಿಸಿಲಿನಲ್ಲಿ ಒಣಗುವ ಮೊದಲೇ ಬೂಸಲು ಬರುತ್ತದೆ. ಹೊಗೆಯಲ್ಲಿ ಒಣಗಿಸುವ ಪದ್ಧತಿ ಅದಕ್ಕೆ ಚೆನ್ನಾಗಿ ಹೊಂದುತ್ತದೆ.

ಕಾಯಿಯನ್ನು ತೊಳೆದು, ಒರೆಸಿ, ತೊಟ್ಟು ತೆಗೆದು, ಉದ್ದಕ್ಕೆ ಒಂದು ಸೀಳು ಕೊಡಿ. ಸೀಳದಿದ್ದರೆ ಒಳಗಿನ ತೇವ ಹೊರಬರಲು ದಾರಿಯಿಲ್ಲ. ಕೈಗವಸು ಹಾಕಿಕೊಳ್ಳಿ. ಒಂದಕ್ಕೊಂದು ತಾಗದಂತೆ ಜಾಲರಿಯಲ್ಲಿ ಹರಡಿ, 70–80 ಡಿಗ್ರಿಯಲ್ಲಿ ಮೊದಲ ನಾಲ್ಕು ಗಂಟೆ ತೆಳು ಹೊಗೆ ಕೊಡಿ. 100 ದಾಟಿದರೆ ಕಾಯಿ ಬೇಯುತ್ತದೆ, ಒಣಗುವುದಿಲ್ಲ. ಮೈ ಮೆತ್ತಗಾಗಿ ರಸ ಸೋರಲು ಶುರುವಾದರೆ ಕೂಡಲೇ ಶಾಖ ಇಳಿಸಿ. ಎರಡು ಗಂಟೆಗೊಮ್ಮೆ ಹೊರಳಿಸಿ. ಹೊಗೆ ಸಾಕಾದ ಮೇಲೆ ಉಳಿದ ಒಣಗಿಸುವ ಕೆಲಸಕ್ಕೆ ಡಿಹೈಡ್ರೇಟರ್ ಅಥವಾ ಬಾಗಿಲು ತುಸು ತೆರೆದಿಟ್ಟ ಓವನ್ ಸಾಕು, 60 ಡಿಗ್ರಿಯಲ್ಲಿ. ಕಾಯಿಯ ಗಾತ್ರ ನೋಡಿಕೊಂಡು ಒಟ್ಟು ಒಂದು ದಿನವೋ ಒಂದೂವರೆ ದಿನವೋ ಹಿಡಿಯುತ್ತದೆ. ಹತ್ತು ಕಿಲೋ ಹಸಿ ಕಾಯಿಗೆ ಸುಮಾರು ಒಂದು ಕಿಲೋ ಒಣಕಾಯಿ ಸಿಗುತ್ತದೆ.

ಬಗ್ಗಿಸಿದರೆ ಚರ್ಮದಂತೆ ಬಗ್ಗುವ ಹದದಲ್ಲಿ ತೆಗೆದದ್ದನ್ನು ಫ್ರೀಜರಿನಲ್ಲಿಡಬೇಕು. ಡಬ್ಬಿಯಲ್ಲಿ ಹೊರಗೇ ಇಡುವುದಾದರೆ ಮುರಿದರೆ ಚಟ್ಟನೆ ಮುರಿಯುವಷ್ಟು ಒಣಗಿಸಿ. ಮೊದಲ ವಾರ ದಿನವೂ ಡಬ್ಬಿಯ ಒಳಮೈ ನೋಡಿ. ಗಾಜಿನ ಮೇಲೆ ತೇವ ಕಂಡರೆ ಇನ್ನೂ ಒಣಗಿಲ್ಲ, ಮತ್ತೆ ಜಾಲರಿಗೆ ಹಾಕಿ.